ಕಾರು ನಮ್ಮದು, ಪುಸ್ತಕ ಯಾರದು?

ಕಳೆದ ಸುಗ್ಗಿಯಲ್ಲಿ ನಡೆದ ಸಂಗತಿ. ಎರಡನೆಯ ಕೈಯಲ್ಲಿ ಕೊಂಡ ನನ್ನ ಹಳೆಯ ಕಾರು ಸಿಂಧನೂರಿನಿಂದ ಹೊರಟು, ಮಸ್ಕಿ ದಾಟಿ, ಲಿಂಗಸುಗೂರಿನ ದಾರಿಯಲ್ಲಿ ನಿಂತುಬಿಟ್ಟಿತು. ಹಿಂದಿನ ಸೀಟಿನಲ್ಲಿ ಬಟ್ಟೆಯ ಗಂಟು, ತಲೆಯ ಮೇಲೆ ಬಿಸಿಲು. ದಾರಿಬದಿಯ ಮೇಸ್ತ್ರಿ ಬಂದ. ಇಂಜಿನ್ನುಗಳ ಜೊತೆಯಲ್ಲೇ ತಲೆ ನರೆಸಿಕೊಂಡವನು. ಮುಚ್ಚಳ ಎತ್ತಿ ಸ್ವಲ್ಪ ಹೊತ್ತು ಕಿವಿಗೊಟ್ಟು ಹೇಳಿದ: "ಇಂಜಿನ್ನು ಕೆಟ್ಟಿಲ್ಲ. ಯಾವುದೋ ಸೆನ್ಸರು ಸುಳ್ಳು ಹೇಳುತ್ತಿದೆ. ಯಾವುದೆಂದು ತಿಳಿಯಲು ಇದರ ಪುಸ್ತಕ ಬೇಕು. ಅದನ್ನು ನಮ್ಮಂಥವರಿಗೆ ಕೊಡುವುದಿಲ್ಲ."

ಕಾರನ್ನು ಎಳೆಸಿಕೊಂಡು ದೂರದ ಸರ್ವಿಸ್ ಕೇಂದ್ರಕ್ಕೆ ಒಯ್ದೆ. ಎರಡು ದಿನ ಕಾದೆ. ಕೊನೆಗೆ ಬದಲಾಯಿಸಿದ್ದು ಬೆರಳುದ್ದದ ಒಂದು ಬಿಡಿಭಾಗ. ಎಳೆಸಿದ ಬಾಡಿಗೆಯೇ ಅದರ ಬೆಲೆಗಿಂತ ಹೆಚ್ಚಾಯಿತು. ಎರಡು ದಿನದ ವ್ಯಾಪಾರ ಹೋದದ್ದು ಲೆಕ್ಕಕ್ಕೆ ಬರಲಿಲ್ಲ.

ಇದು ಒಬ್ಬನ ಗೋಳಲ್ಲ. ಅಕ್ಕಿ ಗಿರಣಿಯ ಕಾರ್ಮಿಕ, ಕಿರಾಣಿ ಅಂಗಡಿಯವ, ಸಂತೆಯಿಂದ ಸಂತೆಗೆ ತಿರುಗುವ ವ್ಯಾಪಾರಿ, ಸಾಲ ಮಾಡಿ ಹಳೆಯ ಕಾರು ಕೊಂಡ ಪ್ರತಿಯೊಬ್ಬನೂ ಈ ಪ್ರಶ್ನೆ ಕೇಳಬೇಕಾಗಿದೆ: ದುಡ್ಡು ಕೊಟ್ಟು ಕಾರು ಕೊಂಡ ಮೇಲೆ, ಅದನ್ನು ಬಿಚ್ಚಿ ಕಟ್ಟುವ ವಿದ್ಯೆ ಮಾತ್ರ ಕಂಪನಿಯ ಸ್ವತ್ತಾಗಿ ಉಳಿಯುವುದು ಯಾವ ನ್ಯಾಯ?

ಇಲ್ಲಿ ಒಂದು ಭೇದವನ್ನು ಬಂಧುಗಳು ತಿಳಿದಿರಬೇಕು. ಕಾರಿನೊಡನೆ ಬರುವ ಪುಸ್ತಕ ಬಳಕೆದಾರನ ಕೈಪಿಡಿ. ಎಣ್ಣೆ ಎಷ್ಟು, ಚಕ್ರಕ್ಕೆ ಗಾಳಿ ಎಷ್ಟು, ಯಾವ ಫ್ಯೂಸು ಎಲ್ಲಿದೆ ಎಂಬುದಷ್ಟೇ ಅದರಲ್ಲಿರುತ್ತದೆ. ದುರಸ್ತಿ ಕೈಪಿಡಿ ಬೇರೆ. ಯಾವ ಬೋಲ್ಟನ್ನು ಎಷ್ಟು ಬಿಗಿಯಬೇಕು, ಯಾವ ತಂತಿ ಎಲ್ಲಿಗೆ ಹೋಗುತ್ತದೆ, ದೋಷವನ್ನು ಯಾವ ಕ್ರಮದಲ್ಲಿ ಹುಡುಕಬೇಕು ಎಂಬುದೆಲ್ಲ ಅದರಲ್ಲಿದೆ. ಮೊದಲನೆಯದನ್ನು ಧಾರಾಳವಾಗಿ ಕೊಡುತ್ತಾರೆ. ಎರಡನೆಯದಕ್ಕೆ ಬೀಗ.

ಅಂಬಾಸಿಡರ್ ಕಾರಿನ ಕಾಲದಲ್ಲಿ ಈ ಬೀಗ ಅಷ್ಟಾಗಿ ಬಾಧಿಸಲಿಲ್ಲ. ಕಾರ್ಬುರೇಟರಿನಲ್ಲಿ ಕಸ ಕೂತರೆ ಕಣ್ಣಿಗೆ ಕಾಣುತ್ತಿತ್ತು, ಕೈಗೆ ಸಿಗುತ್ತಿತ್ತು. ಹೊಗೆಯ ನಿಯಮಗಳು ಬಿಗಿಯಾದಂತೆ ಇಂಜಿನ್ನನ್ನು ಆಳುವುದಕ್ಕೆ ಒಂದು ಎಲೆಕ್ಟ್ರಾನಿಕ್ ಪೆಟ್ಟಿಗೆ ಬಂತು. 2020ರ ಏಪ್ರಿಲ್ 1ರಿಂದ ದೇಶದಾದ್ಯಂತ ಭಾರತ್ ಸ್ಟೇಜ್ 6 ನಿಯಮ ಜಾರಿಯಾಯಿತು. ನಾವು ಅದನ್ನು ವಿರೋಧಿಸುವವರಲ್ಲ. ಹೊಗೆ ಕುಡಿಯುವವರೂ ನಾವೇ ತಾನೇ? ಆದರೆ ಹೊಗೆ ತಡೆಯುವ ಪೆಟ್ಟಿಗೆ ಬೇರೆ, ಜ್ಞಾನವನ್ನು ತಡೆಯುವ ಪೆಟ್ಟಿಗೆ ಬೇರೆ.

ಇದು ಬರೀ ನಮ್ಮ ಕೂಗಲ್ಲ. ಭಾರತದ ಸ್ಪರ್ಧಾ ಆಯೋಗವು 2014ರ ಆಗಸ್ಟ್ 25ರಂದು 14 ಕಾರು ಕಂಪನಿಗಳಿಗೆ ಒಟ್ಟು ಸುಮಾರು 2,544 ಕೋಟಿ ರೂಪಾಯಿ ದಂಡ ವಿಧಿಸಿತು. ಬಿಡಿಭಾಗಗಳನ್ನೂ ದೋಷ ಪತ್ತೆಯ ಉಪಕರಣಗಳನ್ನೂ ಹೊರಗಿನ ಮೇಸ್ತ್ರಿಗಳಿಗೆ ಸಿಗದಂತೆ ಮಾಡಿದ್ದೇ ತಪ್ಪು ಎಂದಿತು. ಹೊರಗೆ ರಿಪೇರಿ ಮಾಡಿಸಿದ ಒಂದೇ ಕಾರಣಕ್ಕೆ ವಾರಂಟಿಯನ್ನು ಸಾರಾಸಗಟಾಗಿ ರದ್ದು ಮಾಡುವ ಷರತ್ತು ಸಲ್ಲದೆಂದೂ ಹೇಳಿತು. ಕಂಪನಿಗಳು ಸುಮ್ಮನೆ ಒಪ್ಪಲಿಲ್ಲ, ಮೇಲ್ಮನವಿಗೆ ಹೋದವು.

2022ರ ಡಿಸೆಂಬರ್ 24ರಂದು, ರಾಷ್ಟ್ರೀಯ ಗ್ರಾಹಕ ದಿನದಂದು, ಕೇಂದ್ರ ಸರ್ಕಾರ ದುರಸ್ತಿಯ ಹಕ್ಕಿನ ಹೆಸರಿನಲ್ಲಿ ಒಂದು ಅಂತರಜಾಲ ತಾಣ ತೆರೆಯಿತು. ಮೋಟಾರು ವಾಹನ, ಕೃಷಿ ಯಂತ್ರ, ಮೊಬೈಲು, ಮನೆಬಳಕೆಯ ಉಪಕರಣ, ಇವುಗಳ ಕೈಪಿಡಿಗಳೂ ದುರಸ್ತಿಯ ವಿವರಗಳೂ ಒಂದೇ ಕಡೆ ಸಿಗಲಿ ಎಂಬುದು ಉದ್ದೇಶ. ಒಳ್ಳೆಯದೇ. ಆದರೆ ತಾಣ ಕಾನೂನಲ್ಲ. ಕಂಪನಿ ಕೊಟ್ಟದ್ದನ್ನು ತೋರಿಸುತ್ತದೆ, ಕೊಡದ್ದನ್ನು ಕಿತ್ತುಕೊಡುವ ಬಲ ಅದಕ್ಕಿಲ್ಲ.

ಬೇರೆ ಕಡೆ ಜನ ಕೇಳಿ ಪಡೆದಿದ್ದಾರೆ. ಅಮೆರಿಕದ ಮ್ಯಾಸಚೂಸೆಟ್ಸ್ ರಾಜ್ಯದ ಮತದಾರರು 2012ರಲ್ಲಿ ಮತ ಹಾಕಿಯೇ ಈ ಹಕ್ಕನ್ನು ಕಾನೂನು ಮಾಡಿಸಿದರು. ಇಂಗ್ಲೆಂಡಿನಲ್ಲಿ ಹೇನ್ಸ್ ಎಂಬ ಪ್ರಕಾಶನದವರು 1960ರ ದಶಕದಿಂದ ಒಂದೊಂದು ಕಾರನ್ನೂ ಪೂರ್ತಿ ಬಿಚ್ಚಿ, ಮತ್ತೆ ಕಟ್ಟಿ, ಕಂಡದ್ದನ್ನು ಚಿತ್ರಸಹಿತ ಪುಸ್ತಕವಾಗಿ ಮಾರಿದರು. ಸಾಮಾನ್ಯ ಕೂಲಿಕಾರರೂ ಅದನ್ನು ನೋಡಿ ಮನೆಯಂಗಳದಲ್ಲಿ ಕಾರು ಸರಿ ಮಾಡಿಕೊಂಡರು.

ಅರೆಬರೆ ತಿಳಿದವರ ಕೈಗೆ ಪುಸ್ತಕ ಕೊಟ್ಟರೆ ಅಪಾಯ ಎನ್ನುತ್ತಾರೆ ಕಂಪನಿಗಳವರು. ನಾವು ಕೇಳುತ್ತೇವೆ: ಪುಸ್ತಕ ಕೊಡದೆ ಊಹೆಯ ಮೇಲೆ ಬಿಚ್ಚಿಸುವುದು ಅಪಾಯವಲ್ಲವೇ? ಅಪಾಯ ಎಲ್ಲಿದೆ ಎಂಬುದನ್ನು ಹೇಳುವುದೂ ಅದೇ ಪುಸ್ತಕ.

ಹಕ್ಕು ಬರುವವರೆಗೆ ಕೈಕಟ್ಟಿ ಕೂಡಬೇಕಿಲ್ಲ. ಕಾರಿನ ಮಾದರಿ, ವರ್ಷ, ಚಾಸಿ ನಂಬರು ಬರೆದಿಟ್ಟುಕೊಳ್ಳಿ. ಕಳೆದುಹೋದ ಬಳಕೆದಾರನ ಕೈಪಿಡಿಯನ್ನು ಕಂಪನಿಯ ತಾಣದಲ್ಲಿ ಹುಡುಕಿ. ಈಚಿನ ಕಾರುಗಳಲ್ಲಿ ಸ್ಟೀರಿಂಗಿನ ಕೆಳಗೆ ದೋಷ ಓದುವ ಒಂದು ಸಾಕೆಟ್ಟು ಇರುತ್ತದೆ. ಅದಕ್ಕೆ ಸಿಕ್ಕಿಸುವ ಸಣ್ಣ ಉಪಕರಣವನ್ನು ನಾಲ್ಕು ಜನ ಸೇರಿ ಕೊಳ್ಳಬಹುದು. 'ಪಿ 0'ಯಿಂದ ಆರಂಭವಾಗುವ ಸಂಕೇತಗಳು ಎಲ್ಲ ಕಂಪನಿಗಳಿಗೂ ಸಮಾನ. 'ಪಿ 0300' ಬಂದರೆ ಸಿಲಿಂಡರುಗಳಲ್ಲಿ ಇಂಧನ ಸರಿಯಾಗಿ ಉರಿಯುತ್ತಿಲ್ಲ ಎಂದರ್ಥ. ಗಾಳಿ ಫಿಲ್ಟರು, ಬಲ್ಬು, ಫ್ಯೂಸು, ಬ್ಯಾಟರಿಯ ತುದಿ, ಇವೆಲ್ಲ ಮನೆಯ ಕೆಲಸ. ಏರ್‌ಬ್ಯಾಗಿಗೆ ಮಾತ್ರ ಕೈ ಹಾಕಬೇಡಿ. ಬರೀ ಜಾಕನ್ನು ನಂಬಿ ಕಾರಿನಡಿ ಮಲಗಬೇಡಿ.

ನಮ್ಮ ಬೇಡಿಕೆ ಮೂರು. ದುರಸ್ತಿ ಕೈಪಿಡಿಯನ್ನು ಕೇಳಿದವರಿಗೆಲ್ಲ ಕೊಡಬೇಕೆಂದು ಕಾನೂನಾಗಲಿ. ಕರ್ನಾಟಕದಲ್ಲಿ ಮಾರುವ ವಾಹನದ ಕೈಪಿಡಿ ಕನ್ನಡದಲ್ಲಿರಲಿ. ತಾಲೂಕಿನ ಗ್ರಂಥಾಲಯದಲ್ಲೂ ಐ.ಟಿ.ಐ.ಯಲ್ಲೂ ಅದರ ಪ್ರತಿ ಇರಲಿ.

ಕೊನೆಗೊಂದು ಮಾತು. 1915ರಲ್ಲಿ ಬೀಡನ್ ಎಂಬ ಇಂಜಿನಿಯರು ಚಿನ್ನ ಹುಡುಕುತ್ತ ಬಂದು ಮಸ್ಕಿಯ ಬಂಡೆಯ ಮೇಲೆ ಅಶೋಕನ ಹೆಸರುಳ್ಳ ಶಾಸನವನ್ನು ಕಂಡ. ಈ ಫಲ ದೊಡ್ಡವರಿಗೆ ಮಾತ್ರವೆಂದು ತಿಳಿಯಬಾರದು, ಸಣ್ಣವನೂ ಪಡೆಯಬಲ್ಲ ಎಂಬುದು ಅದರ ತಾತ್ಪರ್ಯ. ಚಕ್ರವರ್ತಿಯೊಬ್ಬ ತಾನು ಹೇಳಬೇಕಾದದ್ದನ್ನು ಬಯಲಿನ ಬಂಡೆಯ ಮೇಲೆ ಕೊರೆಸಿ ಹೋದ. ಕಾರು ಮಾರಿ ದುಡ್ಡು ಎಣಿಸಿಕೊಂಡ ಕಂಪನಿಗೆ ಒಂದು ಪುಸ್ತಕ ಬಿಚ್ಚಿ ತೋರಿಸಲು ಏನು ಕಷ್ಟ?