ಕಾರಿಗೆ ಹತ್ತು ವರ್ಷ, ಗೂಡಿಗೆ ಒಂದು ರಾತ್ರಿ

ಹುಳ ನಾಲ್ಕನೇ ಜ್ವರಕ್ಕೆ ಕೂತಿದೆ. ಜ್ವರದಲ್ಲಿ ಸೊಪ್ಪು ಹಾಕೋ ಹಾಗಿಲ್ಲ, ಸುಣ್ಣದ ಪುಡಿ ಚೆಲ್ಲಿ ಮುಟ್ಟದೆ ಬಿಡಬೇಕು. ಹಾಗಾಗಿ ಒಂದು ದಿನ ಬಿಡುವು ಸಿಕ್ಕಿದೆ. ಈ ಸಲದ ಟಿಪ್ಪಣಿ ಉದ್ದ ಇದೆ, ಕೋಪದಲ್ಲೂ ಇದೆ. ಓದೋಕೆ ಪುರುಸೊತ್ತು ಇಲ್ಲದವರು ನಾಳೆ ಓದಿ, ಆದ್ರೆ ಓದಿ.

ಕೋಪಕ್ಕೆ ಕಾರಣ ನನ್ನ ತಂಗಿ ಮಗ. ಬೆಂಗಳೂರಲ್ಲಿ ಕೆಲಸ, ಓದಿದ ಹುಡುಗ, ಒಳ್ಳೆಯವನೇ. ಹಬ್ಬಕ್ಕೆ ಬಂದವನು ಹುಳುಮನೆ ನೋಡಿ ಅಂದ: "ಮಾವ, ಪ್ರಪಂಚವೇ ಒಂದು ಮಾರ್ಕೆಟ್ ಆಗಿದೆ. ಬಿಡದೀಲಿ ನೋಡಿ, ಜಪಾನಿನವರು ಸಮುದ್ರ ದಾಟಿ ಬಂದು ಫ್ಯಾಕ್ಟರಿ ಹಾಕಿ ಗೆದ್ದರು. ನೀವು ಮಾತ್ರ ಚೀನಾ ರೇಷ್ಮೆ ಬಂತು, ಸುಂಕ ಹಾಕಿ ಅಂತ ಅಳ್ತೀರ. ಪೈಪೋಟಿ ಮಾಡೋಕೆ ಆಗಲ್ಲ ಅಂದ್ರೆ ಬೇರೆ ಬೆಳೆ ಹಾಕಿ."

ಊಟದ ಹೊತ್ತು, ಜಗಳ ಬೇಡ ಅಂತ ಸುಮ್ಮನಿದ್ದೆ. ಅವತ್ತು ಹೇಳದೆ ಬಿಟ್ಟಿದ್ದನ್ನ ಇಲ್ಲಿ ಬರೀತಿದ್ದೀನಿ.

ಮೊದಲು ಒಂದು ವಿಷಯ. ಸಮುದ್ರದಾಚೆಯ ವ್ಯವಹಾರಕ್ಕೆ ರೇಷ್ಮೆ ರೈತ ವಿರೋಧಿ ಅಂದುಕೊಂಡವರಿಗೆ ರೇಷ್ಮೆ ಗೊತ್ತಿಲ್ಲ. 1896ರ ಸುಮಾರಿಗೆ ಜೆಮ್‌ಷೆಟ್‌ಜಿ ಟಾಟಾ ಜಪಾನಿನ ರೇಷ್ಮೆ ನೋಡಿ ಬಂದು ಬೆಂಗಳೂರಲ್ಲಿ ತೋಟ ಮಾಡಿದರು, ಅಲ್ಲಿಂದಲೇ ನುರಿತವರನ್ನ ಕರೆಸಿದರು. ಬಸವನಗುಡಿ ಹತ್ತಿರ ಇವತ್ತಿಗೂ ಟಾಟಾ ಸಿಲ್ಕ್ ಫಾರಂ ಅಂತಲೇ ಕರೀತಾರೆ, ಅಲ್ಲಿ ಓಡಾಡೋ ಎಷ್ಟು ಜನಕ್ಕೆ ಯಾಕೆ ಅಂತ ಗೊತ್ತೋ ಕಾಣೆ. ಆಮೇಲೆ 1991ರಿಂದ ಜಪಾನಿನ ಜೈಕಾ ಸಂಸ್ಥೆಯವರು ಮೈಸೂರಿನ ಕೇಂದ್ರೀಯ ರೇಷ್ಮೆ ಸಂಶೋಧನಾ ಸಂಸ್ಥೆ ಜೊತೆ ವರ್ಷಗಟ್ಟಲೆ ಕೆಲಸ ಮಾಡಿದರು. ಸಿ.ಎಸ್.ಆರ್. ತಳಿಗಳು ಬಂದಿದ್ದು ಆ ಕೆಲಸದಿಂದ. ಸಿ.ಎಸ್.ಆರ್.-2 ಅನ್ನೋ ಹುಳವನ್ನ ಜಪಾನಿನ ಮಿಶ್ರತಳಿಯಿಂದಲೇ ಆಯ್ದು ಮೈಸೂರಲ್ಲಿ ಬೆಳೆಸಿದ್ದು.

ನಮ್ಮ ಮಾಗಡಿ, ಕುಣಿಗಲ್ ಸೀಮೆ ಮೈಸೂರು ಬಿತ್ತನೆ ಪ್ರದೇಶ. ನಾವು ಸಾಕೋದು ಅಪ್ಪಟ ಮೈಸೂರು ತಳಿ. ಗೂಡು ಚಿಕ್ಕದು, ಹಸಿರು ಬೆರೆತ ಹಳದಿ, ಎರಡು ಕಡೆ ಚೂಪು. ಇಳುವರಿ ಕಡಿಮೆ, ಹುಳ ನಿಧಾನ, ಆದ್ರೆ ಬಿಸಿಲು ತಡೆಯುತ್ತೆ, ರೋಗಕ್ಕೆ ಅಷ್ಟು ಬೇಗ ಬಗ್ಗಲ್ಲ. ಈ ಗೂಡನ್ನ ಬಿತ್ತನೆ ಕೋಠಿಯವರು ತಗೊಂಡು, ಹೆಣ್ಣು ಚಿಟ್ಟೆಗೆ ಸಿ.ಎಸ್.ಆರ್.-2 ಗಂಡು ಕೂಡಿಸಿ ಮೊಟ್ಟೆ ಮಾಡ್ತಾರೆ. ರಾಮನಗರ ಮಾರ್ಕೆಟ್‌ಗೆ ರಾಶಿ ರಾಶಿ ಬರೋ ಸಿ.ಬಿ. ಗೂಡು ಅಂದ್ರೆ ಹೆಚ್ಚಾಗಿ ಅದೇ. ಅಂದ್ರೆ ತಾಯಿ ನಮ್ಮ ಸೀಮೆಯವಳು, ತಂದೆ ಜಪಾನಿನ ವಂಶದವನು. ಸಮುದ್ರ ದಾಟಿದ ಸಂಬಂಧದ ಬಗ್ಗೆ ನಂಗೆ ಪಾಠ ಹೇಳೋಕೆ ಬರಬೇಡಪ್ಪ ಅಂತ ಅವನಿಗೆ ಅನ್ನಬೇಕಿತ್ತು. ಆ ಸಂಬಂಧದ ಬಾಣಂತನವೇ ನನ್ನ ಕಸುಬು.

ಹಾಗಾದ್ರೆ ನನ್ನ ತಕರಾರು ಏನು? ಒಂದೇ. ಒಬ್ಬರಿಗೆ ಕಾಗದ ಬರೆದುಕೊಡ್ತಾರೆ, ಇನ್ನೊಬ್ಬರಿಗೆ ಬಜೆಟ್ ದಿನ ಟೀವಿ ನೋಡಿ ತಿಳ್ಕೋ ಅಂತಾರೆ.

ಎರಡು ತಾರೀಕು ನೆನಪಿಟ್ಟುಕೊಳ್ಳಿ. 2011ರ ಫೆಬ್ರವರಿ 16. ಅವತ್ತು ಟೋಕಿಯೋದಲ್ಲಿ ಭಾರತಕ್ಕೂ ಜಪಾನಿಗೂ ಸಮಗ್ರ ಆರ್ಥಿಕ ಪಾಲುದಾರಿಕೆ ಒಪ್ಪಂದ ಆಯ್ತು, ಆಗಸ್ಟ್ 1ರಿಂದ ಜಾರಿ. ಸಿಇಪಿಎ ಅಂತ ಕರೀತಾರೆ. ಅದಾಗಿ 12 ದಿನ, ಫೆಬ್ರವರಿ 28. ಅವತ್ತು ದೆಹಲಿಯಲ್ಲಿ ಪ್ರಣಬ್ ಮುಖರ್ಜಿಯವರ ಬಜೆಟ್. ಅದರಲ್ಲಿ ಕಚ್ಚಾ ರೇಷ್ಮೆ ಮೇಲಿನ ಆಮದು ಸುಂಕ ಶೇ 30ರಿಂದ ಶೇ 5ಕ್ಕೆ ಇಳೀತು.

ಜಪಾನ್ ಒಪ್ಪಂದದಲ್ಲಿ ಏನಿದೆ? ಯಾವ ವಸ್ತುವಿಗೆ ಸುಂಕ ಎಷ್ಟು, ಯಾವ ವರ್ಷ ಎಷ್ಟು ಇಳೀಬೇಕು ಅಂತ ಸಾಲು ಸಾಲು ಪಟ್ಟಿ. ಕೆಲವಕ್ಕೆ ತಕ್ಷಣ, ಕೆಲವಕ್ಕೆ 5 ವರ್ಷ, 7 ವರ್ಷ, 10 ವರ್ಷ, ಸಮ ಸಮ ಕಂತಲ್ಲಿ. ಕೆಲವು ವಸ್ತು ಪಟ್ಟಿಯಿಂದಲೇ ಹೊರಗೆ. ಆಮದು ಜಾಸ್ತಿಯಾಗಿ ಇಲ್ಲಿನ ಉದ್ಯಮಕ್ಕೆ ಪೆಟ್ಟು ಬಿದ್ರೆ ಇಳಿಸಿದ ಸುಂಕವನ್ನ ತಡೆಹಿಡಿಯೋಕೆ ರಕ್ಷಣಾ ಕ್ರಮ ಅಂತ ಬೇರೆ ಕಲಂ. ಇದನ್ನ ಓದಿದಾಗ ನಂಗೆ ಹೊಟ್ಟೆಕಿಚ್ಚು ಆಗಲಿಲ್ಲ, ನಿಜ ಹೇಳ್ತೀನಿ, ಖುಷಿಯಾಯ್ತು. ಒಂದು ಫ್ಯಾಕ್ಟರಿ ಹಾಕೋನಿಗೆ ಮುಂದಿನ ಹತ್ತು ವರ್ಷ ಕಾಣಬೇಕು, ಕಾಣದಿದ್ರೆ ದುಡ್ಡು ಹಾಕಲ್ಲ. ಬಿಡದಿಗೆ ಟೊಯೊಟಾ ಬಂದಿದ್ದು ಕಿರ್ಲೋಸ್ಕರ್ ಜೊತೆ ಸೇರಿ 1997ರಲ್ಲಿ, 1999ರ ಕೊನೆಗೆ ಕ್ವಾಲಿಸ್ ತಯಾರಾಗೋಕೆ ಶುರುವಾಯ್ತು. 2023ರ ನವೆಂಬರ್‌ನಲ್ಲಿ ಇನ್ನೂ 3,300 ಕೋಟಿ ಹಾಕ್ತೀವಿ ಅಂತ ರಾಜ್ಯ ಸರ್ಕಾರದ ಜೊತೆ ಸಹಿ ಆಯ್ತು. ಇದೆಲ್ಲ ಮುಂದಿನ ದಾರಿ ಕಾಣೋದ್ರಿಂದ ಆಗಿದ್ದು.

ಸರಿ. ಹಿಪ್ಪುನೇರಳೆ ತೋಟ ಹಾಕೋನಿಗೆ ಮುಂದಿನದು ಕಾಣೋದು ಬೇಡವಾ? ಕಡ್ಡಿ ನೆಟ್ಟು ಸರಿಯಾಗಿ ಸೊಪ್ಪು ಬರೋಕೆ ಹೆಚ್ಚೂಕಮ್ಮಿ ಒಂದು ವರ್ಷ. ಒಂದು ಸಲ ಹಾಕಿದ್ರೆ ಹದಿನೈದು ವರ್ಷ ಕಡಿಯೋ ಹಾಗಿಲ್ಲ. ಹುಳುಮನೆ ಕಟ್ಟಬೇಕು, ಡ್ರಿಪ್ ಎಳೀಬೇಕು, ಚಂದ್ರಿಕೆ ತರಬೇಕು, ಬೋರ್ ನಂಬಬೇಕು. ಬ್ಯಾಂಕಿನ ಪುಸ್ತಕದಲ್ಲಿ ಇದಕ್ಕೆ ಸಾಲ ಅಂತ ಹೆಸರು. ನಮ್ಮ ತಂಗಿ ಮಗನ ಭಾಷೇಲಿ ಇದೂ ಹೂಡಿಕೆಯೇ ಅಲ್ವಾ?

2011ರಲ್ಲಿ ನನಗೆ ಒಂದೂಕಾಲು ಎಕರೆ ತೋಟ ಇತ್ತು. ಫೆಬ್ರವರಿ ಕೊನೇಲಿ ಬಜೆಟ್ ಆದಾಗ ಹುಳ ಮೂರನೇ ಜ್ವರ ಎದ್ದಿತ್ತು. ಹುಳಕ್ಕೆ ಬಜೆಟ್ ಗೊತ್ತಾ? ತಿನ್ನುತ್ತಾ ಇತ್ತು, ನಾವು ಹಾಕ್ತಾ ಇದ್ವಿ. ಬಿತ್ತನೆ ಗೂಡಿನವರಿಗೆ ಏಟು ಸುತ್ತಿ ಬರುತ್ತೆ. ಬೆಲೆ ಬಿದ್ದ ತಕ್ಷಣ ಸಿ.ಬಿ. ಸಾಕೋರು ಮೊಟ್ಟೆ ಕಮ್ಮಿ ತಗೊಂಡರು. ಮೊಟ್ಟೆ ಕೇಳೋರಿಲ್ಲ ಅಂದ್ರೆ ಬಿತ್ತನೆ ಕೋಠಿಯವರು ಗೂಡು ಕಮ್ಮಿ ಎತ್ತಿದರು. ಮಿಕ್ಕ ಗೂಡು ನೂಲಿಗೇ ಹೋಗಬೇಕು, ಅಂದ್ರೆ ರಾಮನಗರ. ಆಷಾಢದಲ್ಲಿ 62 ಕೆ.ಜಿ. ಗೂಡು ಹೊತ್ತುಕೊಂಡು ಮಾಗಡಿ ಮೇಲೆ ಹೋದೆ. ಹಿಂದಿನ ಸಂಕ್ರಾಂತೀಲಿ ಸಿಕ್ಕಿದ್ದರಲ್ಲಿ ಅರ್ಧ ಕೂಗಿದರು. ಬೇಡ ಅಂತ ವಾಪಸ್ ತರೋಕೆ ಆಗುತ್ತಾ? ಹಸಿ ಗೂಡು ಹತ್ತು ಹನ್ನೆರಡು ದಿನ ಇಟ್ರೆ ಚಿಟ್ಟೆ ತೂತು ಮಾಡ್ಕೊಂಡು ಹಾರುತ್ತೆ, ಆಮೇಲೆ ನೂಲು ಬಿಚ್ಚೋಕೆ ಬರಲ್ಲ. ಸಮುದ್ರದಾಚೆಯಿಂದ ಬಂದ ನೂಲು ಗೋಡೌನಿನಲ್ಲಿ ವರ್ಷ ಕೂರಬಲ್ಲದು. ನನ್ನ ಗೂಡು ಕೂರಲ್ಲ. ಪೈಪೋಟಿ ಅಂತಾನಲ್ಲ ಅವನು, ಪೈಪೋಟಿ ಶುರುವಾಗೋದೇ ಇಲ್ಲಿಂದ.

ಆ ವರ್ಷ ಅರ್ಧ ಎಕರೆ ಹಿಪ್ಪುನೇರಳೆ ಕಿತ್ತೆ. ಬೇರು ಕೀಳೋಕೆ ಜೆಸಿಬಿಗೆ ದುಡ್ಡು ಕೊಟ್ಟೆ, ಅದೂ ಸಾಲ. ಆ ಜಾಗಕ್ಕೆ ನೀಲಗಿರಿ ಹಾಕಿದೆ, ನನ್ನ ಜೀವನದ ದೊಡ್ಡ ತಪ್ಪು, ಪಕ್ಕದ ಬೋರಿನ ನೀರೂ ಇಳೀತು. ಅದಕ್ಕೆ ಯಾರನ್ನೂ ಬೈಯಲ್ಲ, ಬುದ್ಧಿ ನನ್ನದೇ. ಎರಡೇ ವರ್ಷಕ್ಕೆ, 2013ರ ಬಜೆಟ್‌ನಲ್ಲಿ, ಸುಂಕವನ್ನ ಶೇ 5ರಿಂದ 15ಕ್ಕೆ ಏರಿಸಿದರು. ಆಮೇಲೆ 10ಕ್ಕೆ ಇಳೀತು. 2021ರಲ್ಲಿ ಮತ್ತೆ 15. ನೋಡಿ ಲೆಕ್ಕ: 30, 5, 15, 10, 15. ಹತ್ತು ವರ್ಷದಲ್ಲಿ. ಒಂದು ತೋಟದ ಆಯಸ್ಸಿನೊಳಗೆ ನಾಲ್ಕು ಸಲ ನೆಲ ಅಲುಗಾಡಿತು, ಒಂದು ಸಲವೂ ನನಗೆ ಮುಂಚೆ ಹೇಳಲಿಲ್ಲ. ಏರಿಸಿದಾಗ ಸಂತೋಷ ಪಟ್ಟೆವು ನಿಜ. ಆದ್ರೆ ಕಿತ್ತ ತೋಟ ಸುಂಕ ಏರಿದ ದಿನ ಎದ್ದು ನಿಲ್ಲಲ್ಲ.

ಇನ್ನು ಅವನು ಹೇಳಿದ ಗೆಲುವಿನ ವಿಷಯ. ಕಾರು ಬರಿ ಬಯಲಲ್ಲಿ ಓಡಿ ಗೆದ್ದಿದ್ದಾ? ಹೊರಗಿನಿಂದ ಪೂರ್ತಿ ಕಟ್ಟಿದ ಕಾರು ತರಿಸಿದ್ರೆ ನಮ್ಮ ದೇಶದಲ್ಲಿ ಬಹಳ ವರ್ಷದಿಂದ ಸುಂಕ ಶೇ 60, 70, 100ರ ಲೆಕ್ಕದಲ್ಲಿ ಇದೆ. ಇಲ್ಲೇ ಕಟ್ಟಿ, ಇಲ್ಲಿನವರಿಗೆ ಕೆಲಸ ಕೊಡಿ ಅನ್ನೋದು ಅದರ ಅರ್ಥ. ಒಳ್ಳೇದೇ, ನಾನು ಒಪ್ತೀನಿ. ನನ್ನ ಮಗನೂ ಬಿಡದಿ ಕಡೆ ಬಿಡಿಭಾಗ ಮಾಡೋ ಒಂದು ಕಂಪನೀಲಿ ಇದ್ದಾನೆ, ಮಾಗಡಿಯಿಂದ ಬಸ್ ಹತ್ತುತ್ತಾನೆ, ಮನೆ ನಡೆಯೋದರಲ್ಲಿ ಅವನ ಸಂಬಳವೂ ಇದೆ. ಆದ್ರೆ ಅಷ್ಟೆತ್ತರದ ಗೋಡೆ ಹಿಂದೆ ಬೆಳೆದಿದ್ದನ್ನ ತೋರಿಸಿ, ಗೂಡಿಗೆ ಶೇ 15 ಕೇಳಿದವನನ್ನ ಅಳುಬುರುಕ ಅನ್ನೋದು ಯಾವ ನ್ಯಾಯ?

ಇನ್ನೊಂದು ಬದಿ ನೋಡಿ. ನನ್ನ ಕೈ ಬಿಟ್ಟಿದ್ದಾರಾ? 1959ರ ಕರ್ನಾಟಕ ರೇಷ್ಮೆ ಕಾಯ್ದೆ ಪ್ರಕಾರ ಗೂಡನ್ನ ಸರ್ಕಾರಿ ಮಾರ್ಕೆಟ್ಟಲ್ಲೇ ಮಾರಬೇಕು. ಬಿತ್ತನೆ ಪ್ರದೇಶದಲ್ಲಿ ಗೊತ್ತುಪಡಿಸಿದ ತಳಿಯನ್ನೇ ಸಾಕಬೇಕು. ನಾನು ಆಸೆಬಿದ್ದು ಬಿಳಿ ಗೂಡು ಸಾಕೋ ಹಾಗಿಲ್ಲ. ಈ ಕಟ್ಟುಪಾಡು ಸುಮ್ಮನೆ ಮಾಡಿದ್ದಲ್ಲ, ತಳಿ ಕಲಬೆರಕೆ ಆದ್ರೆ ರಾಜ್ಯದ ರೇಷ್ಮೆಯೇ ಹಾಳು. ದೇಶದಲ್ಲೇ ಹೆಚ್ಚು ರೇಷ್ಮೆ ಬೆಳೆಯೋ ರಾಜ್ಯದ ಬೀಜ ಕಾಯೋ ಕೆಲಸ ನಮ್ಮದು, ಹೆಮ್ಮೆ ಇದೆ. ಆದ್ರೆ ಏನು ಸಾಕಬೇಕು, ಎಲ್ಲಿ ಮಾರಬೇಕು ಅಂತ ನನಗೆ ಕಾನೂನು. ಬೆಲೆ ಮಾತ್ರ ಪ್ರಪಂಚದ ಮಾರ್ಕೆಟ್ಟು. "ಬೇರೆ ಬೆಳೆ ಹಾಕಿ" ಅಂತ ಅವನಂದಿದ್ದು ನೆನಪಿದೆಯಲ್ಲ?

ನೇಕಾರರ ಮಾತು ಬರುತ್ತೆ, ಬರಲೇಬೇಕು. ದೊಡ್ಡಬಳ್ಳಾಪುರದ ಮಗ್ಗಕ್ಕೆ, ವಾರಾಣಸಿ ಮಗ್ಗಕ್ಕೆ ನೂಲು ಬೇಕು, ನಾವು ಬೆಳೆದಿದ್ದು ಸಾಲಲ್ಲ, ಗುಣವೂ ಒಂದೇ ಸಮ ಇರಲ್ಲ. ಚೀನಾ ನೂಲು ಮೆಷಿನ್ನಿನಲ್ಲಿ ತುಂಡಾಗದೆ ಓಡುತ್ತೆ ಅಂತಾರೆ, ನಿಜ. ರಾಮನಗರದಲ್ಲಿ ಆಟೋಮ್ಯಾಟಿಕ್ ನೂಲು ಬಿಚ್ಚೋ ಮೆಷಿನ್ನುಗಳೂ ಬಹುಪಾಲು ಚೀನಾದವೇ. ನೇಕಾರರ ಮೇಲೆ ನನಗೆ ಸಿಟ್ಟಿಲ್ಲ, ಅವರ ಸ್ಥಿತಿ ನಮಗಿಂತ ವಾಸಿಯೇನಲ್ಲ. ಆದ್ರೆ 2012ರಲ್ಲಿ ಮಗಳ ಮದುವೆ ಮಾಡಿದೆ. ಗೂಡಿನ ಬೆಲೆ ಅರ್ಧ ಆಗಿದ್ದ ಕಾಲ. ಸೀರೆ ಅಂಗಡೀಲಿ ಧಾರೆ ಸೀರೆಗೆ ಹತ್ತು ರೂಪಾಯಿ ಇಳಿದಿರಲಿಲ್ಲ. ನನ್ನ ಗೂಡಿನಿಂದ ಕಿತ್ತ ದುಡ್ಡು ನೇಕಾರನ ಕೈಗೂ ಹೋಗಲಿಲ್ಲ, ಮಗಳ ಸೀರೆಗೂ ಬರಲಿಲ್ಲ. ನಡುವೆ ಎಲ್ಲೋ ನಿಂತಿತು.

ರಕ್ಷಣೆ ಕೇಳೋದು ಹೊಸ ಚಾಳಿ ಅಂದುಕೊಂಡವರಿಗೆ ಒಂದು ಮಾತು. 1930ರ ಆಸುಪಾಸು ಜಪಾನ್, ಚೀನಾದ ಅಗ್ಗದ ರೇಷ್ಮೆ ಬಂದು ಮೈಸೂರು ಸಂಸ್ಥಾನದ ರೇಷ್ಮೆ ನೆಲ ಕಚ್ಚಿತ್ತು. ಸುಂಕ ಮಂಡಳಿ ವಿಚಾರಣೆ ಮಾಡಿ 1934ರಲ್ಲಿ ರಕ್ಷಣಾ ಸುಂಕ ಬಂತು. ಕೊಟ್ಟಿದ್ದು ಬ್ರಿಟಿಷರ ಸರ್ಕಾರ ಕಣ್ರೀ! ಆಮೇಲೆ ಯುದ್ಧ ಬಂತು, ಜಪಾನಿನ ರೇಷ್ಮೆ ನಿಂತಿತು, ಪ್ಯಾರಾಚೂಟಿಗೆ ರೇಷ್ಮೆ ಬೇಕಾಯ್ತು. ಆಗ ಎಲ್ಲರಿಗೂ ಮೈಸೂರು ಗೂಡು ನೆನಪಾಯ್ತು. ಹಳ್ಳಿ ಹಳ್ಳೀಲಿ ತೋಟ ಉಳಿದಿತ್ತಲ್ಲ, ಅದಕ್ಕೇ ಆಗ ಕೊಡೋಕೆ ಗೂಡು ಇತ್ತು.

ನಾನು ಕೇಳೋದು ಬಾಗಿಲು ಹಾಕಿ ಅಂತ ಅಲ್ಲ. ಜಪಾನ್ ಒಪ್ಪಂದದ ಹಾಗೆ ಗೂಡಿಗೂ ಒಂದು ಪಟ್ಟಿ ಬರೀರಿ. ಸುಂಕ ಇಳಿಸಬೇಕಾ, ಇಳಿಸಿ, ಆದ್ರೆ ಯಾವ ವರ್ಷ ಎಷ್ಟು ಅಂತ ಮುಂಚೆ ಹೇಳಿ, ಕಂತಲ್ಲಿ ಇಳಿಸಿ. ಕಡ್ಡಿ ನೆಡೋ ಮುಂಚೆ ರೈತನಿಗೆ ಗೊತ್ತಿರಲಿ. ಗೂಡಿನ ಬೆಲೆ ಖರ್ಚಿಗಿಂತ ಕೆಳಗೆ ಹೋದ್ರೆ ಸುಂಕ ತಾನಾಗೇ ಮೇಲೇಳೋ ಹಾಗೆ ಒಂದು ಕಲಂ ಇರಲಿ. ಬಿಡಿಭಾಗಕ್ಕೆ ಬರೆದ ಕೈಗೆ ಗೂಡಿಗೆ ಬರೆಯೋಕೆ ಬರಲ್ವಾ? ನಮ್ಮ ಜಿಲ್ಲೆಗೆ ಈಗ ಬೆಂಗಳೂರು ದಕ್ಷಿಣ ಅಂತ ಹೆಸರಿಟ್ಟಿದ್ದಾರೆ, 2025ರಲ್ಲಿ. ಹೆಸರು ಬದಲಾಯಿಸೋದಕ್ಕೆ ಇದ್ದ ಉತ್ಸಾಹ ಇದಕ್ಕೂ ಇರಲಿ, ನಮ್ಮ ಎಂಪಿ, ಎಮ್ಮೆಲ್ಲೆಗಳು ಯಾವ ಪಕ್ಷದವರಾದ್ರೂ ಸರಿ. ಸುಂಕ ಕೇಂದ್ರದ್ದು, ನಮ್ಮದಲ್ಲ ಅಂತ ಕೈ ತೊಳ್ಕೊಳ್ಳಬೇಡಿ. ಮಾರ್ಕೆಟ್ ನಿಮ್ಮದೇ, ಕಾಯ್ದೆ ನಿಮ್ಮದೇ.

ಇಷ್ಟೆಲ್ಲ ಯಾಕೆ ಈಗ ಅಂದ್ರೆ, ನೀಲಗಿರಿ ಕಿತ್ತ ಅರ್ಧ ಎಕರೆ ಖಾಲಿ ಬಿದ್ದಿದೆ. ಮತ್ತೆ ಹಿಪ್ಪುನೇರಳೆ ಹಾಕೋಣ ಅಂತ ನನ್ನ ಮನಸ್ಸು. ಕಡ್ಡಿ ಕೊಡ್ತೀನಿ ಅಂತ ಕುದೂರಿನ ಸ್ನೇಹಿತರೊಬ್ಬರು ಹೇಳಿದ್ದಾರೆ. ಮೊನ್ನೆ ರಾತ್ರಿ ಶಿಫ್ಟ್ ಮುಗಿಸಿ ಬಂದ ಮಗ ಊಟ ಮಾಡ್ತಾ ಕೇಳಿದ: "ಅಪ್ಪ, ನಮ್ಮ ಕಂಪನೀಲಿ ಇನ್ನು ಐದು ವರ್ಷ ಯಾವ ಭಾಗ ಎಷ್ಟು ಬೇಕು ಅಂತ ಈಗಲೇ ಲೆಕ್ಕ ಹಾಕ್ತಾರೆ. ಮುಂದಿನ ಮಾರ್ಚಿಗೆ ರೇಷ್ಮೆ ಸುಂಕ ಎಷ್ಟಿರುತ್ತೆ, ನೀನು ಹೇಳು ನೋಡೋಣ. ಹೇಳಿದ್ರೆ ನನ್ನ ಬೋನಸ್ ದುಡ್ಡು ತೋಟಕ್ಕೆ ಹಾಕು."

ನನಗೆ ಹೇಳೋಕೆ ಆಗಲಿಲ್ಲ. ಕೃಷಿ, ರೇಷ್ಮೆ ಇಲಾಖೆಯವರು ಯಾರಾದ್ರೂ ಇದನ್ನ ಓದ್ತಿದ್ರೆ ಕೆಳಗೆ ಬರೀರಿ, ಅವನಿಗೆ ತೋರಿಸ್ತೀನಿ.

ನನ್ನ ಹೆಂಡತಿ ಕೂಗ್ತಿದ್ದಾಳೆ. ಹುಳ ಜ್ವರ ಬಿಟ್ಟು ತಲೆ ಎತ್ತಿದೆಯಂತೆ. ಸೊಪ್ಪು ಕೊಯ್ಯೋಕೆ ಹೊರಟೆ.