ಪಠಾಣನ ಪಾತ್ರ ವಹಿಸಿದ ವಕೀಲ

ಹೊಸಪೇಟೆಯಿಂದ ಹಂಪಿಗೆ ಸಾಗುವ ಹಾದಿಯಲ್ಲಿ ಕಡ್ಡಿರಾಂಪುರ ಎಂಬ ಊರಿದೆ. ಅದರ ಬಳಿ ಎರಡು ಹಳೆಯ ಮುಸ್ಲಿಮ್ ಗೋರಿಗಳಿವೆ. ಹಂಪಿಯ ಗೋಪುರಗಳನ್ನು ನೋಡಲು ಧಾವಿಸುವವರಲ್ಲಿ ಅಲ್ಲಿ ನಿಲ್ಲುವವರು ವಿರಳ. ವಿಜಯನಗರದ ಸೇನೆಯಲ್ಲಿ ಮುಸ್ಲಿಮ್ ಯೋಧರಿದ್ದರು. ಅಹ್ಮದ್ ಖಾನ್ ಎಂಬ ಅಧಿಕಾರಿ ತನ್ನ ದೊರೆ ದೇವರಾಯನಿಗೆ ಪುಣ್ಯ ಲಭಿಸಲೆಂದು 1439ರಲ್ಲಿ ಅಲ್ಲಿ ಮಸೀದಿಯೊಂದನ್ನು ಕಟ್ಟಿಸಿದ್ದನು. ಆದರೂ 1565ರ ತಾಳಿಕೋಟೆ ಯುದ್ಧವನ್ನು ಎರಡು ಧರ್ಮಗಳ ಕದನವೆಂದೇ ನಮ್ಮ ಮಕ್ಕಳಿಗೆ ಹೇಳಲಾಗುತ್ತಿದೆ.

ಈ ಯುದ್ಧದ ಕಥೆಯನ್ನು ರಂಗಕ್ಕೆ ತಂದವರು ಅದೇ ಪರಿಸರದ ಕಮಲಾಪುರದಲ್ಲಿ ಜನಿಸಿ, ಬಳ್ಳಾರಿಯಲ್ಲಿ ವಕೀಲರಾಗಿದ್ದ ಕೋಲಾಚಲಂ ಶ್ರೀನಿವಾಸ ರಾವ್. ಅವರ ‘ರಾಮರಾಜು ಚರಿತ್ರ’ ನಾಟಕದಲ್ಲಿ ಪಠಾಣ ರುಸ್ತುಮನ ಪಾತ್ರದಿಂದ ಹೆಸರು ಗಳಿಸಿದವರು ಬಳ್ಳಾರಿ ರಾಘವ. ಬ್ರಿಟಿಷ್ ಸರಕಾರ ಆ ನಾಟಕದ ಪ್ರದರ್ಶನವನ್ನು ನಿಷೇಧಿಸಿತು. ಇತಿಹಾಸವು ರಂಗವೇರಿದಾಗ ಎಷ್ಟು ಸೂಕ್ಷ್ಮವಾಗುತ್ತದೆಂಬುದು ಅಂದಿಗೂ ತಿಳಿದಿತ್ತು, ಇಂದಿಗೂ ತಿಳಿಯಬೇಕಾಗಿದೆ.

ರಾಘವರ ಪೂರ್ಣ ಹೆಸರು ತಾಡಿಪತ್ರಿ ರಾಘವಾಚಾರ್ಯ. 1880ರಲ್ಲಿ ಜನಿಸಿದ ಅವರು ಮದರಾಸಿನಲ್ಲಿ ಕಾನೂನು ಓದಿ ಬಳ್ಳಾರಿಯಲ್ಲಿ ವಕೀಲಿ ನಡೆಸಿದರು. ಸೋದರಮಾವ ಧರ್ಮವರಂ ರಾಮಕೃಷ್ಣಾಚಾರ್ಯರು ಸ್ವತಃ ನಾಟಕಕಾರರು. ಜೀವನೋಪಾಯಕ್ಕೆ ವಕೀಲಿ ಇದ್ದುದರಿಂದ ರಂಗಭೂಮಿ ಅವರಿಗೆ ಹಣದ ಮೂಲವಾಗಿರಲಿಲ್ಲ. ತೆಲುಗು, ಕನ್ನಡ, ಹಿಂದಿ, ಇಂಗ್ಲಿಷ್ ಭಾಷೆಗಳಲ್ಲಿ ಅವರು ಅಭಿನಯಿಸಿದರು. ಪುರಾಣದ ಹಿರಣ್ಯಕಶಿಪುವಿನಿಂದ ಶೇಕ್ಸ್‌ಪಿಯರನ ಒಥೆಲೋವರೆಗೆ ಅವರ ಪಾತ್ರಗಳ ವ್ಯಾಪ್ತಿಯಿತ್ತು. ಮುಸ್ಲಿಮ್ ನೇಕಾರರ ಮನೆಯಲ್ಲಿ ಬೆಳೆದ ಸಂತನ ಕುರಿತಾದ ‘ದೀನಬಂಧು ಕಬೀರ್’ ಎಂಬ ಅವರ ಹಿಂದಿ ನಾಟಕವನ್ನು 1927ರಲ್ಲಿ ಗಾಂಧೀಜಿ ನೋಡಿ ಮೆಚ್ಚಿದ್ದರು.

ಸ್ತ್ರೀಪಾತ್ರಗಳನ್ನು ಸ್ತ್ರೀಯರೇ ವಹಿಸಬೇಕೆಂದು ವಾದಿಸಿ, ವಿದ್ಯಾವಂತ ಮಹಿಳೆಯರನ್ನು ಅವರು ರಂಗಕ್ಕೆ ತಂದರು. ರಂಗಭೂಮಿಗೆ ಅಂಟಿದ್ದ ಅಗೌರವವನ್ನು ತೊಡೆಯುವುದು ಅವರ ಉದ್ದೇಶವಾಗಿತ್ತು. 1936ರಲ್ಲಿ ‘ದ್ರೌಪದಿ ಮಾನಸಂರಕ್ಷಣಂ’ ಚಿತ್ರದಲ್ಲಿ ದುರ್ಯೋಧನನಾದರು. 1939ರಲ್ಲಿ ರೈತರ ಬವಣೆಯನ್ನು ಹೇಳುವ ‘ರೈತು ಬಿಡ್ಡ’ದಲ್ಲಿ ನಟಿಸಿದರು. ಆ ಚಿತ್ರ ಜಮೀನ್ದಾರರ ಕೋಪಕ್ಕೆ ಗುರಿಯಾಯಿತು. 1946ರಲ್ಲಿ ರಾಘವ ನಿಧನರಾದರು.

ನಟನೆ, ಸಿನಿಮಾಗಳ ಕುರಿತು ನಮ್ಮ ಉಲಮಾಗಳಿಗೆ ಆಕ್ಷೇಪಗಳಿವೆ. ಅವು ಗಂಭೀರವಾದವು, ಅವುಗಳನ್ನು ಹಗುರವಾಗಿ ತಳ್ಳಿಹಾಕುವ ಉದ್ದೇಶ ನಮ್ಮದಲ್ಲ. ನಮ್ಮ ಪ್ರಶ್ನೆ ಬೇರೆ. ಒಬ್ಬ ಬ್ರಾಹ್ಮಣ ವಕೀಲ ಪಠಾಣನೂ ಆಗಬಲ್ಲ, ಕಬೀರನೂ ಆಗಬಲ್ಲ. ಪರರ ಬದುಕನ್ನು ಅರಿಯುವ ಶ್ರಮವಿಲ್ಲದೆ ಇದು ಸಾಧ್ಯವೇ? ಇಂದಿನ ತೆರೆಯ ಮೇಲಿನ ಮುಸ್ಲಿಮ್ ಪಾತ್ರಗಳನ್ನು ನೋಡಿ. ಬಹಳಷ್ಟು ಕಡೆ ಅವನು ಭಯೋತ್ಪಾದಕ, ಇಲ್ಲವೇ ಕೋವಿ ಹಿಡಿದ ಪಾತಕಿ, ಅದೂ ಅಲ್ಲದಿದ್ದರೆ ನಾಯಕನಿಗಾಗಿ ಪ್ರಾಣ ಕೊಡುವ ಗೆಳೆಯ. ಬಾಡಿಗೆ ಕಟ್ಟಲು ಹೆಣಗುವ, ಮಗಳ ಕಾಲೇಜು ಶುಲ್ಕಕ್ಕೆ ಚೀಟಿ ಹಾಕುವ ಮುಸ್ಲಿಮನಿಗೆ ಅಲ್ಲಿ ಸ್ಥಳವಿಲ್ಲ. ನೆರೆಮನೆಯವರು ನಮ್ಮನ್ನು ನೋಡುವ ನೋಟವನ್ನು ಈ ಚಿತ್ರಗಳೇ ರೂಪಿಸುತ್ತವೆ. ಮನೆ ಬಾಡಿಗೆಗೆ ಕೇಳಲು ಹೋದಾಗ, ಕೆಲಸದ ಸಂದರ್ಶನಕ್ಕೆ ಕುಳಿತಾಗ ಅದರ ಫಲವನ್ನು ನಮ್ಮ ಮಕ್ಕಳು ಅನುಭವಿಸುತ್ತಾರೆ.

ಇದನ್ನು ಖಂಡಿಸುವುದು ನ್ಯಾಯ. ಆದರೆ ಖಂಡನಾ ಹೇಳಿಕೆಗಳಿಂದ ಒಂದು ಪಾತ್ರವೂ ಬದಲಾಗದು. ನಮ್ಮ ಕಥೆಯನ್ನು ಕನ್ನಡದಲ್ಲಿ ಬರೆಯುವವರು ನಮ್ಮಲ್ಲಿ ಎಷ್ಟು ಮಂದಿ? ಪ್ರತಿಭಾವಂತ ಮಗನಿಗೆ ಇಂಜಿನಿಯರಿಂಗ್, ಇಲ್ಲವಾದರೆ ಗಲ್ಫ್ ಎಂಬ ನಮ್ಮ ಲೆಕ್ಕಾಚಾರದಲ್ಲಿ ಇತಿಹಾಸ, ಸಾಹಿತ್ಯ, ಪತ್ರಿಕೋದ್ಯಮಗಳಿಗೆ ಜಾಗವಿದೆಯೇ? ಹಂಪಿಯ ಪಕ್ಕದಲ್ಲೇ ಕನ್ನಡ ವಿಶ್ವವಿದ್ಯಾಲಯವಿದೆ. ಅಹ್ಮದ್ ಖಾನನ ಮಸೀದಿಯ ಶಾಸನವನ್ನು ಓದಿ ಅರ್ಥ ಹೇಳಬಲ್ಲ ತರುಣರು ನಮ್ಮ ಮನೆಗಳಿಂದ ಹೊರಬರಬೇಡವೇ?

ನ್ಯಾಯದ ಪರವಾಗಿ, ನಿಮಗೇ ವಿರುದ್ಧವಾದರೂ ಸಾಕ್ಷ್ಯ ನುಡಿಯಿರಿ ಎಂಬುದು ಕುರ್‌ಆನಿನ ಆದೇಶ. ಅಪಪ್ರಚಾರಕ್ಕೆ ಉತ್ತರ ಕೊಡುವಾಗಲೂ ಸುಲ್ತಾನರ ತಪ್ಪುಗಳನ್ನು ಮುಚ್ಚಿಟ್ಟು ಅವರ ಹಿರಿಮೆಯನ್ನಷ್ಟೇ ಹಾಡುವುದು ಸಾಕ್ಷ್ಯವಾಗದು. ಕಡ್ಡಿರಾಂಪುರದ ಗೋರಿಗಳೂ ತಾಳಿಕೋಟೆಯ ನಂತರದ ಹಂಪಿಯ ವಿನಾಶವೂ ಒಂದೇ ಇತಿಹಾಸದ ಭಾಗಗಳು. ಎರಡನ್ನೂ ಪ್ರಾಮಾಣಿಕವಾಗಿ ಹೇಳಬಲ್ಲ ಲೇಖನಿಗಳನ್ನು ಬೆಳೆಸುವ ಹೊಣೆ ಸಮುದಾಯದ್ದು. ಆ ಹೊಣೆಯನ್ನು ನಾವು ಹೊರದಿದ್ದರೆ, ನಮ್ಮ ಪಾತ್ರವನ್ನು ಬೇರೆಯವರು ಬರೆಯುತ್ತಲೇ ಇರುತ್ತಾರೆ.