ಖಾಲಿ ಕುರ್ಚಿಯ ಲೆಕ್ಕ ಕೊಡಿ



"ಯಾವೂರಪ್ಪ ನಿಂದು? ನಿಮ್ಮಪ್ಪ ಏನ್ ಕೆಲಸ ಮಾಡ್ತಾನೆ?"

ಸಂದರ್ಶನದ ಕೋಣೆಯಲ್ಲಿ ನಮ್ಮ ಕೇರಿ ಹುಡುಗರ ಮೇಲೆ ಮೊದಲು ಬೀಳೋ ಪ್ರಶ್ನೆ ಇದು. ಓದಿದ್ದೇನು ಅಂತ ಆಮೇಲೆ ಕೇಳ್ತಾರೆ, ಕೇಳಿದರೆ. ಊರು ಗೊತ್ತಾಯ್ತು, ಕೇರಿ ಗೊತ್ತಾಯ್ತು, ಅಲ್ಲಿಗೆ ಪರೀಕ್ಷೆ ಮುಗೀತು. ಕೊನೆಗೆ ಕಡತದಲ್ಲಿ ಒಂದು ಸಾಲು: "ಅರ್ಹ ಅಭ್ಯರ್ಥಿ ದೊರೆಯಲಿಲ್ಲ."

ಈ ಒಂದು ಸಾಲಿನಿಂದ ಎಷ್ಟು ಮನೆಗಳ ಒಲೆ ಆರಿಹೋಗಿದೆ! ಪಂಕ್ತಿಯಲ್ಲಿ ನಮಗೆ ಎಲೆ ಹಾಕಿದ ಹಾಗೆ ಮಾಡೋದು, ನಮ್ಮನ್ನು ಬಾಗಿಲಲ್ಲೇ ತಡೆಯೋದು, ಆಮೇಲೆ "ಅಯ್ಯೋ, ಎಲೆ ಖಾಲಿ ಇದೆಯಲ್ಲ" ಅಂತ ತಮ್ಮವರನ್ನೇ ಕೂರಿಸೋದು. ಇದಕ್ಕೆ ಅವರಿಟ್ಟ ಹೆಸರು ಪ್ರತಿಭೆ.

ಖಾಲಿ ಉಳಿದ ಜಾಗ ಮುಂದಿನ ವರ್ಷಕ್ಕೆ ಸೇರಲಿ ಅಂತ ಕೇಂದ್ರ ಸರ್ಕಾರ ಒಂದು ನಿಯಮ ಮಾಡಿತ್ತು. ಅದರ ಪ್ರಕಾರ ಕೇಂದ್ರ ಸಚಿವಾಲಯದ 45 ಹುದ್ದೆಗಳಲ್ಲಿ 29 ನಮ್ಮವರಿಗೆ ಬಂದವು. ತಕ್ಷಣ ಕೋರ್ಟಿಗೆ ಓಡಿದರು. 1963ರಲ್ಲಿ ದೇವದಾಸನ್ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟ್ ಆ ನಿಯಮವನ್ನೇ ಹೊಡೆದುಹಾಕಿತು. ಐವರಲ್ಲಿ ಒಬ್ಬರೇ, ನ್ಯಾಯಮೂರ್ತಿ ಸುಬ್ಬರಾವ್, ಬೇರೆ ಮಾತಾಡಿದರು. ಹಿಂದಿನ ವರ್ಷಗಳಲ್ಲಿ ನಮ್ಮ ಜಾಗ ಖಾಲಿ ಬಿಟ್ಟಾಗ ಸಮಾನತೆ ಕೆಡಲಿಲ್ಲವಂತೆ, ಅದನ್ನು ತುಂಬಿದಾಗ ಕೆಟ್ಟಿತಂತೆ! ಬ್ಯಾಕ್‌ಲಾಗ್ ಹುದ್ದೆಗಳನ್ನು ಆ ವರ್ಷದ ಶೇಕಡಾ 50ರ ಮಿತಿಗೆ ಸೇರಿಸಬೇಕಿಲ್ಲ ಅಂತ ಸಂವಿಧಾನಕ್ಕೆ 81ನೇ ತಿದ್ದುಪಡಿ ಬಂದದ್ದು 2000ದಲ್ಲಿ. ನಡುವೆ 37 ವರ್ಷ. ಒಂದು ತಲೆಮಾರು ಅರ್ಜಿ ಹಿಡಿದುಕೊಂಡೇ ಮುದುಕಾಯ್ತು.

ನಮ್ಮ ರಾಜ್ಯದ ಕತೆಯೂ ಇದೇ. ಬಡ್ತಿಯಲ್ಲಿ ಮೀಸಲಾತಿ 1978ರ ಆದೇಶದಿಂದ ಬಂತು. ಬಡ್ತಿ ಪಡೆದವರ ಜ್ಯೇಷ್ಠತೆ ಉಳಿಸಲು 2002ರಲ್ಲಿ ಕಾಯ್ದೆಯಾಯ್ತು. 2017ರ ಫೆಬ್ರವರಿ 9ರಂದು ಪವಿತ್ರ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟ್ ಅದರ ಮುಖ್ಯ ಕಲಮುಗಳನ್ನು ರದ್ದು ಮಾಡಿತು. ಕಾರಣ? ಪ್ರಾತಿನಿಧ್ಯ ಕಡಿಮೆ ಇದೆ ಅನ್ನೋದಕ್ಕೆ ಸರ್ಕಾರ ಅಂಕಿಅಂಶ ಕೊಟ್ಟಿಲ್ಲ ಅಂತ. ಲೆಕ್ಕ ಇಡಬೇಕಾದವರು ವಿಧಾನಸೌಧದಲ್ಲಿ ಕೂತವರು, ಹಿಂಬಡ್ತಿಯ ಭಯದಲ್ಲಿ ನಿದ್ದೆಗೆಟ್ಟವರು ನಮ್ಮ ನೌಕರರು!

ಆದರೆ ಅಲ್ಲಿಗೆ ಮುಗಿಯಲಿಲ್ಲ. ನೌಕರರು, ಸಂಘಟನೆಗಳು ಎದ್ದು ಕೂತವು. ರತ್ನಪ್ರಭಾ ಸಮಿತಿ ಇಲಾಖೆ ಇಲಾಖೆಯ ಲೆಕ್ಕ ತೆಗೆಯಿತು. ಹೊಸ ಕಾಯ್ದೆಗೆ 2018ರಲ್ಲಿ ಅಂಕಿತ ಬಿತ್ತು. 2019ರ ಮೇ 10ರಂದು ಅದೇ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು. ಆಡಳಿತದ ದಕ್ಷತೆ ಅಂದರೆ ಬರೀ ಅಂಕವಲ್ಲ, ಸಮಾಜದ ಎಲ್ಲರೂ ಅದರೊಳಗಿರಬೇಕು ಅನ್ನೋ ಅರ್ಥದ ಮಾತು ಆ ತೀರ್ಪಿನಲ್ಲಿದೆ. ಎರಡು ವರ್ಷದಲ್ಲಿ ಬದಲಾದದ್ದೇನು? ಕೈಯಲ್ಲಿ ಲೆಕ್ಕ ಇತ್ತು, ಅಷ್ಟೆ.

ಹಾಗಂತ ಕೋರ್ಟೇ ದೇವರು ಅಂತ ಕೈಮುಗಿದು ಕೂರಬೇಡಿ. ಬಡ್ತಿಯಲ್ಲಿ ಮೀಸಲಾತಿ ಕೇಳೋದು ಮೂಲಭೂತ ಹಕ್ಕಲ್ಲ, ಕೊಡಲೇಬೇಕು ಅಂತ ಸರ್ಕಾರಕ್ಕೆ ಕೋರ್ಟು ಆಜ್ಞೆ ಮಾಡಲಾಗದು ಅಂತ 2020ರ ಫೆಬ್ರವರಿಯಲ್ಲಿ ಉತ್ತರಾಖಂಡದ ಮೊಕದ್ದಮೆಯಲ್ಲಿ ಹೇಳಿಬಿಟ್ಟರು. ಅಂದರೇನು? ನಿಯಮ ಮಾಡೋ ಹಾಗೆ ಸರ್ಕಾರವನ್ನು ಬಗ್ಗಿಸಬೇಕಾದ್ದು ಬೀದಿಯಲ್ಲಿ. ಮಾಡಿದ ನಿಯಮವನ್ನು ಕಾಯಬೇಕಾದ್ದು ಕೋರ್ಟಿನಲ್ಲಿ. ಒಂದೇ ಕಾಲಲ್ಲಿ ಎಷ್ಟು ದೂರ ನಡೆದೇವು?

ನಮ್ಮ ತಪ್ಪನ್ನೂ ಹೇಳಿಕೊಳ್ಳೋಣ. ಅವರು ಕಾಗದ ಹಿಡಿದು ಹೋಗ್ತಾರೆ. ನಾವು ಕಣ್ಣೀರು ಹಿಡಿದು ಹೋಗ್ತೀವಿ. ಕಡತ ಕಣ್ಣೀರಿಗೆ ಕರಗಲ್ಲ.

ಇನ್ನು ಮೇಲೆ ಹೀಗೆ ಮಾಡಿ. ನೇಮಕಾತಿ ಅಧಿಸೂಚನೆಯ ಪ್ರತಿ, ಅರ್ಜಿಯ ರಸೀದಿ, ಅಂಕಪಟ್ಟಿ ಎತ್ತಿಡಿ. ರೋಸ್ಟರ್ ವಹಿಯಲ್ಲಿ ಎಷ್ಟು ಬಿಂದು ನಮ್ಮವು, ಎಷ್ಟು ತುಂಬಿದೆ, ಎಷ್ಟು ಬ್ಯಾಕ್‌ಲಾಗ್ ಅಂತ ಮಾಹಿತಿ ಹಕ್ಕಿನಲ್ಲಿ 10 ರೂಪಾಯಿ ಕಟ್ಟಿ ಕೇಳಿ. 30 ದಿನದಲ್ಲಿ ಉತ್ತರ ಕೊಡಬೇಕು. "ಅರ್ಹರಿಲ್ಲ" ಅಂದರೆ ಯಾಕಿಲ್ಲ ಅನ್ನೋ ಕಾರಣ ಬರಹದಲ್ಲಿ ಕೇಳಿ. ರಾಜ್ಯ ಸರ್ಕಾರದ ಹುದ್ದೆಯಾದರೆ ಆಡಳಿತ ನ್ಯಾಯಮಂಡಳಿಗೆ ಹೋಗಲು ಅಂತಿಮ ಆದೇಶದಿಂದ ಒಂದು ವರ್ಷ ಮಾತ್ರ ಅವಕಾಶ. ಸಾಹೇಬರು ನೋಡೋಣ ಅಂದಿದ್ದಾರೆ ಅಂತ ಕಾದು ಕೂತರೆ ವರ್ಷ ಕಳೆದೇ ಹೋಗುತ್ತೆ. ರಾಷ್ಟ್ರೀಯ ಪರಿಶಿಷ್ಟ ಜಾತಿ ಆಯೋಗಕ್ಕೂ ದೂರು ಕೊಡಿ. ವಿಚಾರಣೆಗೆ ಅಧಿಕಾರಿಯನ್ನು ಕರೆಸೋ, ಕಡತ ತರಿಸೋ ಸಿವಿಲ್ ನ್ಯಾಯಾಲಯದ ಅಧಿಕಾರ ಅದಕ್ಕಿದೆ.

ಒಬ್ಬೊಬ್ಬರೇ ಹೋಗಬೇಡಿ. ಒಬ್ಬನನ್ನು ಬೆದರಿಸ್ತಾರೆ, ಹತ್ತು ಜನ ಹೋದರೆ ಕುರ್ಚಿ ಎಳೆದು ಕೂರಿಸ್ತಾರೆ. ಕೆಲಸ ಸಿಕ್ಕವರೇ, ನಿಮ್ಮ ತಿಂಗಳ ಸಂಬಳದಲ್ಲಿ ಒಂದು ದಿನದ್ದು ಈ ಹುಡುಗರ ವಕೀಲರ ಖರ್ಚಿಗಿರಲಿ. ನೀವು ಕೂತ ಕುರ್ಚಿಯೂ ಯಾರದೋ ಹೋರಾಟದಿಂದ ಬಂದದ್ದು, ಮರೀಬೇಡಿ.

ನಾವು ಭಿಕ್ಷೆ ಕೇಳ್ತಿಲ್ಲ. ನಮ್ಮ ಹೆಸರಲ್ಲಿ ಖಾಲಿ ಬಿದ್ದಿರೋ ಕುರ್ಚಿಗಳ ಲೆಕ್ಕ ಕೇಳ್ತಿದ್ದೀವಿ. ಕೊಡೋ ತನಕ ಬಾಗಿಲು ಬಿಟ್ಟು ಕದಲೋದಿಲ್ಲ.

ಜೈ ಭೀಮ್!